ಅಮ್ಮನ ಭುಜಕ್ಕೆ ನಾನು ಹೂವಿಟ್ಟ ವರ್ಷ

ಹೋದ ತಿಂಗಳು ಹಲಗೂರಿನ ಆಚೆ ನಾದಿನಿಯ ಮನೆಯವರು ಪರ ಮಾಡಿದರು. ಪರವೆಂದರೆ ನಮ್ಮ ಕಡೆ ಹರಕೆ ತೀರಿಸುವ ಊಟ. ದೇವಿಯ ಮುಂದೆ ಆಡು ಕಡಿದು, ಗುಡಿಯ ಸುತ್ತಲಿನ ಮರಗಳ ಕೆಳಗೆ ಒಲೆ ಹೂಡಿ, ಟೆಂಪೋದಲ್ಲಿ ಬಂದಿಳಿದ ನೆಂಟರಿಗೆಲ್ಲ ಮುದ್ದೆ, ಬಾಡಿನ ಸಾರು ಬಡಿಸುವುದು. ಭಕ್ತಿ ಹತ್ತು ನಿಮಿಷದ್ದು, ಉಳಿದ ದಿನವೆಲ್ಲ ಹೊಟ್ಟೆಯದು. ನಾನೂ ಎಲೆ ಹಾಸಿಕೊಂಡು ಕೂರುವವಳೇ, ಆಡಿಕೊಳ್ಳುವ ಹಕ್ಕು ನನಗಿಲ್ಲ. ಆದರೆ ಆ ದಿನ ಗಾಳಿ ತಿರುಗಿ ಆಡಿನ ತಲೆಕಾಲು ಸುಡುವ ಕಮಟು ವಾಸನೆ ಮುಖಕ್ಕೆ ಬಡಿದದ್ದೇ ತಡ, ಎದ್ದು ಹೋಗಿ ಕಾರಿನಲ್ಲಿ ಕೂತೆ.

"ಪೂಜಾರಿ ಮಗ್ಳು ನೋಡ್ರವ್ವಾ, ಬಾಡಿನ ವಾಸ್ನೆಗೆ ಮಖ ಸಿಂಡರಿಸ್ಕಂಡು ಓಯ್ತಾವ್ಳೆ" ಎಂದು ನಾದಿನಿ ಎಲ್ಲರಿಗೂ ಕೇಳುವ ಹಾಗೆ ನಕ್ಕಳು.

ಅವಳಿಗೇನು ಗೊತ್ತು. ಆ ವಾಸನೆಯಲ್ಲೇ ಹುಟ್ಟಿ ಬೆಳೆದವಳು ನಾನು. ಶಾಲೆಗೆ ಹೋದರೆ ನನ್ನ ಜಡೆಯಿಂದ ಅದೇ ವಾಸನೆ ಬರುತ್ತದೆಂದು ಪಕ್ಕದ ಹುಡುಗಿಯರು ದೂರ ಕೂರುತ್ತಿದ್ದರು. ನಾನು ಎದ್ದು ಬಂದದ್ದು ಬಾಡಿನ ವಾಸನೆಗಲ್ಲ. ಹದಿನೈದು ವರ್ಷದ ಹಿಂದೆ ಒಂದು ಮಂಗಳವಾರ, ಇದೇ ವಾಸನೆಯ ನಡುವೆ ನಿಂತು ನಾನು ಒಬ್ಬ ಹೆಣ್ಣುಮಗಳ ಬಾಳು ಹಾಳು ಮಾಡಿದ್ದೆ. ಅದು ನೆನಪಾಯಿತು.

ನಮ್ಮಪ್ಪ ಗುಡ್ಡದಮ್ಮನ ಪೂಜಾರಿ. ಮಳವಳ್ಳಿ ತಾಲ್ಲೂಕಿನ ಕಾಡಂಚಿನಲ್ಲಿ ನೂರಾ ಚಿಲ್ಲರೆ ಮೆಟ್ಟಿಲಿನ ಒಂದು ಗುಡ್ಡ, ಅದರ ನೆತ್ತಿಯಲ್ಲಿ ಅಮ್ಮನ ಗುಡಿ, ಬುಡದಲ್ಲಿ ನಮ್ಮ ಮನೆ. ಮಂಗಳವಾರ, ಶುಕ್ರವಾರ ಮಂಡ್ಯ, ಮದ್ದೂರು, ಕೊಪ್ಪದ ಕಡೆಯಿಂದೆಲ್ಲ ಜನ ಬರುತ್ತಿದ್ದರು. ಅವರು ಬರುತ್ತಿದ್ದದ್ದು ಮುಖ್ಯವಾಗಿ ಹೂ ಕೇಳುವುದಕ್ಕೆ. ಅಮ್ಮನದು ಎದೆಮಟ್ಟದ ಕರಿಕಲ್ಲಿನ ವಿಗ್ರಹ. ಪೂಜಾರಿ ಎರಡು ಕಣಗಿಲೆ ಹೂವನ್ನು ನೀರಿನಲ್ಲಿ ಅದ್ದಿ ಅಮ್ಮನ ಎರಡು ಭುಜಕ್ಕೂ ಅಂಟಿಸುತ್ತಾನೆ. ಕೇಳುವವರು ಕೈಮುಗಿದು ಪ್ರಶ್ನೆ ಇಡುತ್ತಾರೆ. ಅಮ್ಮನ ಬಲಗಡೆಯ ಹೂ ಮೊದಲು ಬಿದ್ದರೆ ಹೌದು, ಎಡಗಡೆಯದು ಬಿದ್ದರೆ ಅಲ್ಲ. ಬೋರು ಎಲ್ಲಿ ಕೊರೆಸುವುದು, ಹೆಣ್ಣು ಯಾವ ಕಡೆಯಿಂದ ತರುವುದು, ಅಪ್ಪನಿಗೆ ಆಪರೇಷನ್ ಮಾಡಿಸುವುದೋ ಬಿಡುವುದೋ, ಎಲ್ಲವನ್ನೂ ಆ ಎರಡು ಹೂವಿಗೆ ಕೇಳುತ್ತಿದ್ದರು. ಕೇಳುವುದನ್ನು ಎಲ್ಲರ ಮುಂದೆ ಗಟ್ಟಿಯಾಗಿ ಕೇಳಬೇಕು ಎನ್ನುವುದೊಂದು ಕಟ್ಟಳೆ. ಅಮ್ಮನ ಮುಂದೆ ಗುಟ್ಟಿಲ್ಲ. ಹಾಗಾಗಿ ಯಾರ ಮನೆಯ ಹುಳುಕು ಏನೆಂದು ಗುಡಿಯಲ್ಲಿ ನಿಂತವರಿಗೆಲ್ಲ ಪುಕ್ಕಟೆಯಾಗಿ ತಿಳಿಯುತ್ತಿತ್ತು. ಅರ್ಧ ಜನ ಬರುತ್ತಿದ್ದದ್ದು ಅದಕ್ಕೇ ಎಂದು ನನ್ನ ಗುಮಾನಿ.

ಆ ವರ್ಷ ಆಷಾಢದ ಮೊದಲ ವಾರದಲ್ಲಿ ಅಪ್ಪನಿಗೆ ಲಕ್ವ ಹೊಡೆಯಿತು. ಬಲಗೈ ಪೂರ್ತಿ ಬಿದ್ದುಹೋಯಿತು, ಮಾತು ತೊದಲಾಯಿತು. ಹೂವನ್ನು ಬಲಗೈಯಲ್ಲೇ ಇಡಬೇಕು. ಚಿಕ್ಕಪ್ಪ ಮಳವಳ್ಳಿಯಲ್ಲಿ ಬಸ್ ಕಂಡಕ್ಟರು, ವಾರಕ್ಕೆರಡು ದಿನ ರಜೆ ಹಾಕುವ ಹಾಗಿರಲಿಲ್ಲ. ಊರ ಯಜಮಾನರು ಕೂತು ಮಾತಾಡಿದರು. ಮದುವೆಯಾಗದ ಹೆಣ್ಣುಮಗಳು ಅಮ್ಮನನ್ನು ಮುಟ್ಟಬಹುದು, ಮದುವೆಯಾದ ಮೇಲೆ ಬೇರೆ ಮನೆಯವಳು ಎಂದು ತೀರ್ಮಾನವಾಯಿತು. ತಿಂಗಳಲ್ಲಿ ನಾನು ಹೊರಗಾಗುವ ದಿನಗಳಿಗೆ ಮಾತ್ರ ಚಿಕ್ಕಪ್ಪ ಬರುವುದು. ನನಗಾಗ ಇಪ್ಪತ್ತೈದು. ಡಿ.ಎಡ್ ಮುಗಿಸಿ ನೇಮಕಾತಿಗೆ ಕಾಯುತ್ತ, ಬಂದ ಗಂಡುಗಳಿಗೆಲ್ಲ ಒಂದೊಂದು ಕುಂಟುನೆಪ ಹೇಳುತ್ತ ಮನೆಯಲ್ಲಿದ್ದೆ. ಅಪ್ಪನನ್ನು ಇಬ್ಬರು ಹೊತ್ತು ತಂದು ಗರ್ಭಗುಡಿಯ ಹೊಸ್ತಿಲ ಪಕ್ಕ ಗೋಡೆಗೆ ಒರಗಿಸುತ್ತಿದ್ದರು. ಮಂತ್ರ ಅಪ್ಪನದು, ಕೈ ನನ್ನದು.

ಅಷ್ಟು ಕೆಲಸವಿರುತ್ತದೆಂದು ನನಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ಜಡಿಮಳೆಯಲ್ಲಿ ಬೆಳಿಗ್ಗೆ ಐದಕ್ಕೆ ಎದ್ದು ಗುಡ್ಡದ ಹಿಂದಿನ ಬೇಲಿಯಲ್ಲಿ ಕಣಗಿಲೆ ಬಿಡಿಸಬೇಕು. ಹಿಂದಿನ ವಾರದ ಆಡುಕೋಳಿಗಳ ರಕ್ತ ಮೆತ್ತಿದ ಬಲಿಗಲ್ಲನ್ನು ಬೂದಿ ಹಾಕಿ ಉಜ್ಜಬೇಕು. ಎಷ್ಟು ಉಜ್ಜಿದರೂ ಮಳೆ ಬಂದರೆ ಸಂದಿನಿಂದ ಕೆಂಪು ನೀರು ಇಳಿಯುತ್ತಿತ್ತು. ಮೆಟ್ಟಿಲೆಲ್ಲ ಪಾಚಿ. ಜಾರಿ ಬಿದ್ದವರು ಎದ್ದು ಅಮ್ಮ ಪರೀಕ್ಷೆ ಮಾಡಿದಳು ಎನ್ನುತ್ತಿದ್ದರು, ನನಗೆ ಬೈಯುತ್ತಿರಲಿಲ್ಲ. ಆದರೂ ಸುಳ್ಳೇಕೆ, ನನಗೆ ಆ ಕೆಲಸ ಇಷ್ಟವಾಗಿಬಿಟ್ಟಿತ್ತು. ಎಂಥೆಂಥ ಗಂಡಸರು ಬಂದು ನನ್ನ ಬೆರಳನ್ನೇ ನೋಡುತ್ತ ಉಸಿರು ಬಿಗಿಹಿಡಿದು ನಿಲ್ಲುತ್ತಿದ್ದರು. ಮನೆಯಲ್ಲಿ ಹೆಂಡತಿಯ ಮಾತಿಗೆ ತಲೆ ಎತ್ತಿ ನೋಡದವರು ನನ್ನ ಮುಂದೆ ಕೈಮುಗಿಯುತ್ತಿದ್ದರು.

ಒಂದು ದಿನ ಅಮ್ಮನ ಮುಖಕ್ಕೆ ಅರಿಶಿನ ಬಳಿದ ಕೈಯನ್ನು ಸರಿಯಾಗಿ ತೊಳೆಯದೆ ಹೂವಿಟ್ಟೆ. ಎಡಗಡೆಯ ಹೂ ಸಂಜೆಯಾದರೂ ಬೀಳಲಿಲ್ಲ. ಕಲಸಿದ ಅರಿಶಿನ ಗೋಂದಿನ ಹಾಗೆ ಹಿಡಿಯುತ್ತದೆ ಎಂದು ಆಗ ತಿಳಿಯಿತು. ಮುಂದಿನ ವಾರ ಕೊಪ್ಪದ ಕಡೆಯವನೊಬ್ಬ ಮಗಳನ್ನು ಕರೆದುಕೊಂಡು ಬಂದ. ಅವಳು ನರ್ಸಿಂಗ್ ಓದಬೇಕೆನ್ನುತ್ತಾಳೆ, ಕಳಿಸಲೋ ಬೇಡವೋ ಎಂದು ಕೇಳಿದ. ಹುಡುಗಿಯ ಕಣ್ಣು ಅತ್ತು ಅತ್ತು ಊದಿಕೊಂಡಿತ್ತು. ನಾನು ಎಡಗಡೆಯ ಹೂವಿನ ಬೆನ್ನಿಗೆ ಸಾಸಿವೆಯಷ್ಟು ಅರಿಶಿನ ಒತ್ತಿದೆ. ಬಲಗಡೆಯದು ಬಿತ್ತು. ಹುಡುಗಿ ನನ್ನ ಕಾಲಿಗೆ ಬೀಳಲು ಬಂದಳು. ಆ ರಾತ್ರಿ ನನಗೆ ಕಣ್ತುಂಬ ನಿದ್ದೆ. ಅಮ್ಮ ಬರೀ ಕಲ್ಲು, ಒಳ್ಳೆಯದು ಮಾಡುವ ಕೈ ನನ್ನದು ಎನ್ನುವ ಕೊಬ್ಬು ಅಂದಿನಿಂದ ತಲೆಗೇರಿತು. ಅಪ್ಪ ಮೂವತ್ತು ವರ್ಷ ಹೂವಿಟ್ಟವನು, ಒಂದು ದಿನವೂ ಹೀಗೆ ಮಾಡಿದವನಲ್ಲ. ಅವನಿಗೆ ಗೊತ್ತಾಗದ ಹಾಗೆ ನೋಡಿಕೊಂಡೆ.

ಶ್ರಾವಣದ ಎರಡನೇ ಶುಕ್ರವಾರ ಹನಕೆರೆ ಕಡೆಯ ನಿಂಗಮ್ಮ ಬಂದಳು. ಜೊತೆಗೆ ಮಗ ಶಿವಲಿಂಗ, ಸೊಸೆ ಸವಿತ. ನಿಂಗಮ್ಮನ ಮನೆದೇವರು ನಮ್ಮ ಗುಡ್ಡದಮ್ಮನೇ. ಗಂಡ ಸತ್ತ ಮೇಲೆ ಒಬ್ಬಳೇ ಗದ್ದೆ ಮಾಡಿಸಿ ಮಗನನ್ನು ಬೆಳೆಸಿದ ಹೆಂಗಸು. ವರ್ಷಕ್ಕೆ ಹತ್ತು ಸಲ ಬಂದರೂ ಒಮ್ಮೆಯೂ ಚಪ್ಪಲಿ ಹಾಕಿಕೊಂಡು ಗುಡ್ಡದ ಬುಡಕ್ಕೆ ಬಂದವಳಲ್ಲ, ದೂರದ ರಸ್ತೆಯಲ್ಲೇ ಬಿಟ್ಟು ಬರುವಳು. ಕೆಟ್ಟವಳೆಂದು ಹೇಳಿಬಿಟ್ಟರೆ ನನಗೆ ಸುಲಭ. ಆದರೆ ಅಪ್ಪನಿಗೆ ಲಕ್ವ ಹೊಡೆದದ್ದು ಕೇಳಿ ಎಳ್ಳೆಣ್ಣೆ ಕಾಸಿಕೊಂಡು ಹನಕೆರೆಯಿಂದ ಎರಡು ಬಸ್ಸು ಬದಲಾಯಿಸಿ ಬಂದು, ಕೂತು ಕೈ ನೀವಿ ಹೋದವಳೂ ಅವಳೇ.

ಸವಿತ ನನಗಿಂತ ಮೂರು ವರ್ಷ ಚಿಕ್ಕವಳು. ಆಗಲೇ ಎರಡು ಹೆಣ್ಣುಮಕ್ಕಳ ತಾಯಿ, ಮೂರನೆಯದಕ್ಕೆ ಮೂರು ತಿಂಗಳು. ಗುಡಿಯ ಹಿಂದಿನ ನಲ್ಲಿಯಲ್ಲಿ ಕಾಲು ತೊಳೆಯಲು ಬಂದವಳು ನನ್ನನ್ನು ಕಂಡು ತಗ್ಗಿದ ದನಿಯಲ್ಲಿ ಕೇಳಿದಳು.

"ಅಕ್ಕ, ಅಮ್ಮ ಕೊಡೋದು ತಪ್ಪೋದೇ ಇಲ್ವಾ?"

"ಯಾಕೆ?"

"ಎಡಕ್ಕೆ ಬಿದ್ರೆ ಇಂಗಿಂದಂಗೇ ಕರ್ಕೊಂಡೋಗಿ ತೆಗ್ಸಾಕೆ ಎಲ್ಲೋ ಗೊತ್ತು ಮಾಡ್ಕಬಂದವ್ರೆ. ಅದ್ಕೇ ಆಟೋ ವಾಪಸ್ ಕಳಿಸಿಲ್ಲ, ಕೆಳಗೇ ನಿಲ್ಸವ್ರೆ."

ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡೇ ಹೇಳಿದಳು. ಅಳಲಿಲ್ಲ. ನಾಳೆ ಗದ್ದೆಗೆ ನೀರು ಬಿಡುತ್ತಾರಂತೆ ಎನ್ನುವ ಧಾಟಿ. ನನಗೆ ಮೈಯೆಲ್ಲ ಉರಿದುಹೋಯಿತು.

ಒಳಗೆ ನಿಂಗಮ್ಮ ಸೆರಗು ಹೊದ್ದು, ಎಲ್ಲರ ಮುಂದೆ ಗಟ್ಟಿಯಾಗಿಯೇ ಕೇಳಿದಳು. "ಅವ್ವಾ ನಮ್ಮವ್ವ, ಅದ್ಯಾವ್ದೋ ಮಿಸನ್ನಿಟ್ಟು ನೋಡಾನ ಅಂತಾನೆ ನನ್ ಮಗ. ಮಿಸನ್ನು ಸುಳ್ಳೇಳ್ತದೆ, ನೀನು ಸುಳ್ಳೇಳಕಿಲ್ಲ. ಹೊಟ್ಟೇಲಿರೋದು ಗಂಡಾದ್ರೆ ಬಲಗಡೆ ಕೊಡು. ಹೆಣ್ಣಾದ್ರೆ ಎಡಗಡೆ ಕೊಡು, ನನ್ ದಾರಿ ನಾನು ನೋಡ್ಕತ್ತೀನಿ."

ನಾನು ಕಡಲೆಕಾಳಿನಷ್ಟು ಅರಿಶಿನ ಒತ್ತಿದೆ. ಎಡಗಡೆಯ ಹೂ ಅಮ್ಮನ ಭುಜಕ್ಕೆ ಮೊಳೆ ಹೊಡೆದ ಹಾಗೆ ಕೂತಿತು. ಬಲಗಡೆಯದು ನಿಮಿಷದೊಳಗೆ ಪಾದಕ್ಕೆ ಬಿತ್ತು. ನಿಂಗಮ್ಮ ಹೋ ಎಂದು ಅತ್ತು ನೆಲಕ್ಕೆ ಹಣೆ ಹಚ್ಚಿದಳು. ಸವಿತ ನನ್ನತ್ತ ನೋಡಲಿಲ್ಲ, ಅಮ್ಮನನ್ನೇ ನೋಡುತ್ತಿದ್ದಳು. ಶಿವಲಿಂಗ ಕೆಳಗಿಳಿದು ಹೋಗಿ ಆಟೋದವನಿಗೆ ಮನೆ ಕಡೆ ಹೊರಡು ಎಂದ. ಹುಟ್ಟಿದ ಮೇಲೆ ಏನು ಮಾಡುತ್ತಾರೆ, ಎತ್ತಿ ಆಡಿಸಲೇಬೇಕಲ್ಲ ಎಂದು ನಾನು ಲೆಕ್ಕ ಹಾಕಿದ್ದೆ. ಬಿ.ಪಿ. ಏರಿದ ಮುದುಕಿ ನಾಲ್ಕು ದಿನ ಕೂಗಾಡುತ್ತಾಳೆ, ಆಮೇಲೆ ತಣ್ಣಗಾಗುತ್ತಾಳೆ ಎಂದುಕೊಂಡೆ. ನನ್ನ ಬುದ್ಧಿ ಓಡಿದ್ದು ಅಷ್ಟೇ ದೂರ.

ಆರು ತಿಂಗಳು ಸವಿತಳನ್ನು ರಾಣಿಯ ಹಾಗೆ ನೋಡಿಕೊಂಡರಂತೆ. ಪ್ರತಿ ಶುಕ್ರವಾರ ನಿಂಗಮ್ಮ ಬಂದು ವರದಿ ಒಪ್ಪಿಸುತ್ತಿದ್ದಳು. ಗದ್ದೆ ಕೆಲಸ ಬಿಡಿಸಿದೆ, ನಾಟಿ ಹಸುವಿನ ಹಾಲು ಗೊತ್ತು ಮಾಡಿದೆ, ಹುಟ್ಟೋ ಮಗುಗೆ ಅವನ ತಾತನ ಹೆಸರಿಡ್ತೀವಿ. ಕಾರ್ತಿಕದಲ್ಲಿ ಗುಡ್ಡದ ಮೇಲೆ ಕೊರೆಯುವ ಚಳಿ, ಕಲ್ಲಿನ ಮೇಲೆ ಬರಿಗಾಲಿಟ್ಟರೆ ನೆತ್ತಿಗೆ ಹತ್ತುತ್ತಿತ್ತು. ಆ ಚಳಿಯಲ್ಲಿ ಅವಳು ಬರಿಗಾಲಲ್ಲಿ ಹತ್ತಿ ಬಂದು ಅಮ್ಮನಿಗೆ ಮೊಸರನ್ನ ಇಟ್ಟು ಹೋಗುತ್ತಿದ್ದಳು. ಒಂದೊಂದು ಸಲ ಗಂಡೇ ಹುಟ್ಟಿಬಿಡಲಿ ಎಂದು ನಾನೇ ಅಮ್ಮನಿಗೆ ಹೇಳಿಕೊಂಡೆ. ನಾಚಿಕೆಯಾಗುತ್ತದೆ ಬರೆಯುವುದಕ್ಕೆ, ಆದರೆ ಹೇಳಿಕೊಂಡದ್ದು ನಿಜ.

ಶಿವರಾತ್ರಿಗೆ ಎಂಟು ದಿನವಿರುವಾಗ ಹೆಣ್ಣು ಹುಟ್ಟಿತು.

ಅವರು ಮೊದಲು ಆಸ್ಪತ್ರೆಯಲ್ಲಿ ಮಗು ಬದಲಾಯಿಸಿದ್ದಾರೆಂದು ಜಗಳಕ್ಕೆ ಬಿದ್ದರಂತೆ. ಆ ದಿನ ಅಲ್ಲಿ ಹುಟ್ಟಿದ ಇನ್ನೊಂದು ಮಗುವೂ ಹೆಣ್ಣೇ. ಅದು ಖಾತ್ರಿಯಾದ ಮೇಲೆ ನಿಂಗಮ್ಮ ಸುಮ್ಮನಾದಳಂತೆ. ಬಾಣಂತಿಗೆ ಊಟ ಕೊಡುತ್ತಾಳೆ, ಮಾತಿಲ್ಲ. ಮಗುವನ್ನು ಮುಟ್ಟಿಲ್ಲ. ಈ ಸುದ್ದಿ ತಂದವನು ಅಪ್ಪನ ಮುಂದೆಯೇ ಹೇಳಿದ. ಅವನು ಹೋದ ಮೇಲೆ ಅಪ್ಪ ನನ್ನನ್ನು ಹತ್ತಿರ ಕರೆದ.

"ಅರಿಸ್ನ ಒತ್ತಿದ್ಯಾ?" ಎಂದ. ಬಾಯಿ ಸೊಟ್ಟಗಾಗಿದ್ದರೂ ಮಾತು ಸ್ಪಷ್ಟವಾಗಿತ್ತು.

ನಾನು ಹ್ಞೂಂ ಎಂದೆ. ಆಟೋ ನಿಲ್ಲಿಸಿಕೊಂಡಿದ್ದದ್ದು, ಗೊತ್ತು ಮಾಡಿದ್ದ ಜಾಗ, ಎಲ್ಲ ಹೇಳಿದೆ. ಕೊಪ್ಪದ ಹುಡುಗಿಯದನ್ನೂ ಹೇಳಿದೆ. ಅಪ್ಪ ಬೈಯಲಿಲ್ಲ. ಮರುದಿನ ಬೆಳಿಗ್ಗೆ ತನ್ನನ್ನು ಗುಡಿಗೆ ಹೊರಿಸಿಕೊಂಡು ಹೋಗಿ, ನನ್ನ ಕೈಯನ್ನು ಅಮ್ಮನ ಪಾದದ ಮೇಲೆ ಇರಿಸಿದ.

"ಇನ್ನೊಂದು ದಪ ಕೈಯಾಡ್ಸಿದ್ರೆ ನಮ್ಮಪ್ಪನ ಹೆಣ ಬೀಳ್ಳಿ ಅಂತ ಏಳು."

ಹೇಳಿದೆ. ಅಳುತ್ತಲೇ ಹೇಳಿದೆ. ಆಮೇಲೆ ನಿಜವಾಗಿಯೂ ಹೆದರಿಕೊಂಡೆ. ಕಲ್ಲು ಎಂದುಕೊಂಡಿದ್ದ ಅಮ್ಮ ಎಲ್ಲವನ್ನೂ ನೋಡಿಕೊಂಡು ಕೂತಿದ್ದಾಳೆ, ನನ್ನ ಆಟವನ್ನು ನನಗೇ ತಿರುಗಿಸುತ್ತಾಳೆ ಅನ್ನಿಸತೊಡಗಿತು. ಒಂದು ತಿಂಗಳು ನಾನು ಕೈ ಮೂರು ಸಲ ತೊಳೆದು ಹೂ ಮುಟ್ಟುತ್ತಿದ್ದೆ. ಆ ಒಂದು ತಿಂಗಳಲ್ಲಿ ಗುಡ್ಡದಮ್ಮನಿಗೆ ನನ್ನಷ್ಟು ಭಕ್ತೆ ಇನ್ನೊಬ್ಬಳಿರಲಿಲ್ಲ.

ಯುಗಾದಿಗೆ ಇನ್ನೊಂದು ವಾರವಿತ್ತು. ಬಂಡೆಯೆಲ್ಲ ಕಾದು ಬೆಳಿಗ್ಗೆ ಹತ್ತಕ್ಕೇ ಮೆಟ್ಟಿಲ ಮೇಲೆ ಜನ ಕುಣಿಯುತ್ತ ಹತ್ತುವಂಥ ಬಿಸಿಲು. ಮಂಗಳವಾರ, ಕೆಳಗೆ ನಾಲ್ಕು ಕಡೆ ಪರ ನಡೆಯುತ್ತಿತ್ತು, ತಲೆಕಾಲು ಸುಡುವ ಹೊಗೆ ಗುಡಿಯೊಳಗೂ ತುಂಬಿತ್ತು. ನಿಂಗಮ್ಮ ಬಂದಳು. ಈ ಸಲ ಟೆಂಪೋ ತುಂಬ ನೆಂಟರು, ಊರಿನ ಇಬ್ಬರು ಹಿರಿಯರು, ಶಿವಲಿಂಗ, ಎರಡು ಹೆಣ್ಣುಮಕ್ಕಳು, ಕೊನೆಯಲ್ಲಿ ಮಗು ಎತ್ತಿಕೊಂಡ ಸವಿತ. ನಾನು ಹೂ ಬುಟ್ಟಿ ಹಿಡಿದುಕೊಂಡವಳು ಹಾಗೇ ನಿಂತೆ. ನಮ್ಮನ್ನು ಕೇಳಲು ಬಂದಿದ್ದಾರೆ, ಅಪ್ಪನ ಮರ್ಯಾದೆ ಇವತ್ತಿಗೆ ಮುಗಿಯಿತು ಎಂದುಕೊಂಡೆ.

ನಿಂಗಮ್ಮ ನಮ್ಮನ್ನು ಏನೂ ಕೇಳಲಿಲ್ಲ. ಅಪ್ಪನ ಕಾಲು ಮುಟ್ಟಿ ನಮಸ್ಕಾರ ಮಾಡಿ ಅಮ್ಮನ ಮುಂದೆ ನಿಂತಳು.

"ಗಂಡು ಅಂತ ಬಲಗಡೆ ಕೊಟ್ಟೆ ಕಣವ್ವ. ನಾನೇ ಕಣ್ಣಾರೆ ಕಂಡಿವ್ನಿ. ನೀನು ಸುಳ್ಳಾಡೋಳಲ್ಲ. ಅಂದ್ಮೇಲೆ ನೀನು ನಮ್ಮನೆಗೆ ಕೊಟ್ಟಿದ್ದ ಮಗ ಇದಲ್ಲ. ಈ ಮಗ ಎಲ್ಲಿಂದ ಬಂತು ಅಂತ ಇವಳನ್ನ ಕೇಳ್ದೆ, ಬಾಯಿ ಬುಡ್ಲಿಲ್ಲ. ಈಗ ನಿನ್ನೇ ಕೇಳ್ತೀನಿ. ಇದು ನನ್ ಮಗನ ರಕ್ತವಾದ್ರೆ ಬಲಗಡೆ ಕೊಡು. ಅಲ್ದಿದ್ರೆ ಎಡಗಡೆ ಕೊಡು."

ಅಂದರೆ ಹೀಗೆ. ದೇವಿ ತಪ್ಪುವುದಿಲ್ಲ, ಪೂಜಾರಿ ತಪ್ಪುವುದಿಲ್ಲ, ಹೂ ತಪ್ಪುವುದಿಲ್ಲ. ತಪ್ಪಲು ಉಳಿದವಳು ಒಬ್ಬಳೇ. ನನ್ನ ಕೈಬೆರಳಿನ ಅರಿಶಿನ ಸವಿತಳ ನಡತೆಯ ಮೇಲೆ ಹೋಗಿ ಕೂತಿತ್ತು. ನಾನು ಅಪ್ಪನ ಕಡೆ ನೋಡಿದೆ. ಅಪ್ಪನೂ ನನ್ನನ್ನೇ ನೋಡುತ್ತಿದ್ದ.

ಬಾಯಿ ಬಿಟ್ಟವಳು ಸವಿತ. "ಕೇಳಿ ಅತ್ತೆ, ಅಮ್ಮನ್ನೇ ಕೇಳಿ. ನಂಗೂ ಅದೇ ಬೇಕಾಗದೆ" ಎಂದಳು. ಮುಖದಲ್ಲಿ ಅಳುಕೇ ಇಲ್ಲ. ಶ್ರಾವಣದಲ್ಲಿ ತನ್ನ ಮಗುವನ್ನು ಉಳಿಸಿಕೊಟ್ಟ ಅಮ್ಮ ಇವತ್ತೂ ಕೈಬಿಡುವುದಿಲ್ಲ ಎನ್ನುವ ಧೈರ್ಯ. ಮಗುವನ್ನು ಎದೆಗೆ ಒತ್ತಿಕೊಂಡು ಮುಂದೆ ಬಂದು ಹೊಸ್ತಿಲ ಹತ್ತಿರ ನಿಂತಳು. ನಿಂತವಳು ನಗುತ್ತಿದ್ದಳು.

ಅರಿಶಿನದ ಬಟ್ಟಲು ನನ್ನ ಮೊಣಕೈ ಪಕ್ಕದಲ್ಲೇ ಇತ್ತು. ಬೆರಳ ತುದಿ ಅದ್ದಿದ್ದರೆ ಆಗಿತ್ತು. ನಾನು ಅದ್ದಲಿಲ್ಲ. ಅಪ್ಪನ ಹೆಣದ ಮೇಲೆ ಆಣೆಯಿಟ್ಟಿದ್ದೇನೆ ಎನ್ನುವುದು ಒಂದು. ಅದಕ್ಕಿಂತ ಹೆಚ್ಚಾಗಿ, ಇವಳು ತಪ್ಪು ಮಾಡಿಲ್ಲ, ಅಮ್ಮನಿಗೆ ಅದು ಗೊತ್ತಿಲ್ಲವೇ, ನಾನು ಕೈಯಾಡಿಸದಿದ್ದರೆ ಅಮ್ಮ ತಾನಾಗಿ ಸರಿ ಮಾಡುತ್ತಾಳೆ ಎಂದು ಪೂರ್ತಿ ನಂಬಿಬಿಟ್ಟಿದ್ದೆ. ಜೀವಮಾನದಲ್ಲಿ ಅಷ್ಟು ನಂಬಿದ್ದು ಅದೊಂದೇ ಸಲ. ಎರಡು ಹೂವನ್ನೂ ಒಂದೇ ಚೊಂಬಿನಲ್ಲಿ ಅದ್ದಿ, ಒಂದೇ ಸಮ ಒತ್ತಿ, ಕೈ ಹಿಂದಕ್ಕೆ ತೆಗೆದುಕೊಂಡೆ.

ಮಗು ಅಳತೊಡಗಿತು. ಯಾರೋ ಶ್ ಎಂದರು.

ಎಡಗಡೆಯ ಹೂ ಬಿತ್ತು.

ನೆಂಟರ ಹೆಂಗಸೊಬ್ಬಳು ಬಾಯಿಗೆ ಸೆರಗು ಮುಚ್ಚಿಕೊಂಡಳು. ಶಿವಲಿಂಗ ತಲೆ ತಗ್ಗಿಸಿ ಹೊರಗೆ ಹೋದ. ಶ್ರಾವಣದ ಹೂ ನಾನು ಅರಿಶಿನದಲ್ಲಿ ಅಂಟಿಸಿದ್ದು, ಇವಳದೇನೂ ಇಲ್ಲ ಎಂದು ಕೂಗಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಗುಡಿಯೂ ಮುಗಿಯುತ್ತಿತ್ತು, ಅಪ್ಪನೂ ಮುಗಿಯುತ್ತಿದ್ದ. ನಾನು ಅಪ್ಪನ ಕಡೆ ತಿರುಗಿದೆ.

"ಮಂಗಳಾರತಿ ಎತ್ತು" ಎಂದ ಅಪ್ಪ.

ಎತ್ತಿದೆ. ತಟ್ಟೆಯನ್ನು ಎಲ್ಲರ ಮುಂದೆ ಹಿಡಿದೆ. ಸವಿತಳ ಮುಂದೆ ಹಿಡಿದಾಗ ಅವಳು ಆರತಿ ತೆಗೆದುಕೊಳ್ಳಲಿಲ್ಲ. ಕೆಳಗೆ ಬಿದ್ದ ಹೂವನ್ನೇ ನೋಡುತ್ತ ನಿಂತಿದ್ದಳು.

ನಿಂಗಮ್ಮ ಹೊಡೆಯಲಿಲ್ಲ, ಬಡಿಯಲಿಲ್ಲ. ದೊಡ್ಡ ಹೆಣ್ಣುಮಕ್ಕಳಿಬ್ಬರ ಕೈ ಹಿಡಿದು, "ಇವೆರಡು ನಮ್ಮನೇವು" ಎಂದು ಟೆಂಪೋ ಹತ್ತಿಸಿದಳು. ಶ್ರಾವಣದವರೆಗೆ ಆ ಎರಡನ್ನು ಕಂಡರೆ ಮೂತಿ ತಿರುವುತ್ತಿದ್ದವಳು ಅವಳೇ. ಚಿಕ್ಕದು ಅವ್ವಾ ಅವ್ವಾ ಎಂದು ಕಿಟಕಿಯಿಂದ ಕೈಚಾಚಿ ಕಿರುಚುತ್ತಿತ್ತು. ಟೆಂಪೋ ಹೊರಟುಹೋಯಿತು. ಪರದ ಊಟಕ್ಕೆ ಕೂತಿದ್ದವರು ಎಲೆಯ ಮುಂದಿನಿಂದ ಕತ್ತು ಉದ್ದ ಮಾಡಿ ನೋಡಿದರು, ಮತ್ತೆ ಮುದ್ದೆ ಮುರಿದರು.

ನಾನು ಒಂದೇ ಉಸಿರಿಗೆ ಮೆಟ್ಟಿಲಿಳಿದು ಹೋದೆ. ಸವಿತ ಕೊನೆಯ ಮೆಟ್ಟಿಲ ಮೇಲೆ ಬಿಸಿಲಲ್ಲೇ ಕೂತಿದ್ದಳು. ಅಣ್ಣನಿಗೆ ಫೋನ್ ಮಾಡಿದೀನಿ, ಕೊಪ್ಪದಿಂದ ಗಾಡಿ ತಕ್ಕೊಂಡು ಬತ್ತಾನೆ ಎಂದಳು. ನಾನು ಅವಳ ಪಕ್ಕ ಕೂತು ಎಲ್ಲ ಹೇಳಿಬಿಟ್ಟೆ. ಅರಿಶಿನ, ಶ್ರಾವಣದ ಹೂ, ಅಪ್ಪ ಇಡಿಸಿದ ಆಣೆ, ಏನನ್ನೂ ಬಿಡಲಿಲ್ಲ. ನಿನ್ನ ಅತ್ತೆಯ ಮನೆಗೆ ಬಂದು ಹೇಳುತ್ತೇನೆ ಎಂದೆ. ಅವಳು ಕೇಳಿಸಿಕೊಂಡಳು. ಕೇಳಿಸಿಕೊಂಡು ಅಯ್ಯೋ ಪಾಪ ಎನ್ನುವ ಹಾಗೆ ನನ್ನನ್ನೇ ನೋಡಿದಳು.

"ನನ್ ಸಮಾಧಾನಕ್ಕೆ ಅಂತ ಅಮ್ಮನ ಮೇಲೆ ಯಾಕಕ್ಕ ಇಲ್ಲದ್ದೆಲ್ಲ ಏಳ್ತೀರಿ? ನಿಮಗೆ ಒಳ್ಳೇದಾಗಕಿಲ್ಲ."

"ಸುಳ್ಳಲ್ಲ ಕಣೇ, ನಾನೇ ಅಂಟಿಸಿದ್ದು."

"ಇವತ್ತೂ ನೀವೇ ಅಂಟಿಸಿದ್ರಾ?"

ಇಲ್ಲ ಎಂದೆ.

"ಮತ್ತೆ?" ಎಂದಳು. ಆಮೇಲೆ ತನ್ನಷ್ಟಕ್ಕೆ ಎನ್ನುವ ಹಾಗೆ ಹೇಳಿದಳು. "ಅಮ್ಮನೇ ಅಂದ್ಮೇಲೆ ನಾನು ಏನೋ ಮಾಡಿರ್ಬೇಕು ಕಣಕ್ಕ. ಯಾವಾಗ ಅಂತ ಗ್ಯಾನಕ್ಕೆ ಬತ್ತಾ ಇಲ್ಲ."

ಮಡಿಲಲ್ಲಿ ಮಗು ನಿದ್ದೆ ಹೋಗಿತ್ತು. ಅವಳು ಅದರ ಗಲ್ಲ ಹಿಡಿದು ಬೆಳಕಿಗೆ ತಿರುಗಿಸಿ, "ಯಾರ್ ಥರ ಅದೆ ಅಕ್ಕ ಇದು? ನೀವಾದ್ರೂ ನೋಡೇಳಿ" ಎಂದಳು.

ನೋಡಿದೆ. ಅಗಲ ಹಣೆ, ಕೂಡಿಕೊಂಡ ಹುಬ್ಬು, ಕೆಳತುಟಿ ಮುಂದಕ್ಕೆ. "ನಿಮ್ಮತ್ತೆ ಪಡಿಯಚ್ಚು ಕಣೇ" ಎಂದೆ.

ಸವಿತ ತಟಕ್ಕನೆ ಸೆರಗು ಎಳೆದು ಮಗುವಿನ ಮುಖ ಮುಚ್ಚಿದಳು. "ಅಂಗೆಲ್ಲ ಅನ್ಬಾರ್ದು ಕಣಕ್ಕ" ಎಂದಳು. "ಅಮ್ಮ ಅಲ್ಲ ಅಂದವ್ಳೆ."